ಭಾನುವಾರ ಸಂಜೆ 5ಕ್ಕೆ ‘ಜೇನ್ ಐರ್’

ಎಲ್ಲರಿಗೂ ನಮಸ್ಕಾರ. ಇಂಗ್ಲಿಷ್ ಲೇಖಕಿ ಶಾರ್ಲೆಟ್ ಬ್ರಾಂಟೆಯ ಈ ಕಾದಂಬರಿಯ ಮೊದಲ ಹತ್ತು ಅಧ್ಯಾಯ ಓದಿಕೊಂಡು ಬನ್ನಿ.

ಶಾರ್ಲೆಟ್ ಬ್ರಾಂಟೆ 20ರ ವಯಸ್ಸಿನಲ್ಲಿ ತನ್ನ ಕವಿತೆಗಳನ್ನು ಇಂಗ್ಲೆಂಡಿನ ಆಸ್ಥಾನಕವಿ ರಾಬರ್ಟ್ ಸದೀಗೆ ಕಳಿಸಿದ್ದಳು. 1837ರ ಮಾರ್ಚಿನಲ್ಲಿ ಉತ್ತರ ಬಂತು: ಸಾಹಿತ್ಯ ಹೆಂಗಸರ ಕಸುಬಲ್ಲ, ಆಗಲೂಬಾರದು ಅಂತ. ಆಕೆ ಸುಮ್ನೆ ಕೂರಲಿಲ್ಲ. 1846ರಲ್ಲಿ ಮೂವರು ಅಕ್ಕತಂಗಿಯರು ಬೇರೆ ಹೆಸರಿಟ್ಟುಕೊಂಡು, ಕೈಯಿಂದ ದುಡ್ಡು ಹಾಕಿ ಕವಿತೆಗಳನ್ನು ಅಚ್ಚು ಹಾಕಿಸಿದರು. ಒಂದು ವರ್ಷದಲ್ಲಿ ಹೋಗಿದ್ದು ಎರಡೇ ಪ್ರತಿ!

ನನಗೆ ಜಾಸ್ತಿ ಹಿಡಿಸಿದ್ದು ಇದು. ‘ಜೇನ್ ಐರ್’ಗೂ ಮುಂಚೆ ಬರೆದ ಆಕೆಯ ಮೊದಲ ಕಾದಂಬರಿ ಎಲ್ಲ ಕಡೆಯಿಂದ ವಾಪಸ್ ಬರುತ್ತಿತ್ತು. ಹಳೇ ಪೊಟ್ಟಣದ ಮೇಲಿದ್ದ ಪ್ರಕಾಶಕರ ಹೆಸರಿಗೆ ಗೀಟು ಎಳೆದು, ಹೊಸ ವಿಳಾಸ ಬರೆದು ಮತ್ತೆ ಕಳಿಸಿದಳಂತೆ. ಎಷ್ಟು ಜನ ಬೇಡ ಅಂದಿದ್ದಾರೆ ಅಂತ ನೋಡಿದವರಿಗೆ ಗೊತ್ತಾಗಿಬಿಡುತ್ತೆ, ಅಲ್ವಾ? ಪಾಪ, ಅದು ಹೊಳೆದೇ ಇರಲಿಲ್ಲವೇನೋ. ‘ಜೇನ್ ಐರ್’ ಬಂದಿದ್ದು 1847ರ ಅಕ್ಟೋಬರಿನಲ್ಲಿ.

ಪುಸ್ತಕ ಸಿಗದವರು ಶುಕ್ರವಾರದೊಳಗೆ ಹೇಳಿ.