ಸೆನೆಟರ್ ಲಾಕ್ಸನ್ ಅವರೇ, ಜೂನ್‌ಗೆ ಮೊದಲು ನಮ್ಮ ನೆರೆ ತಡೆಗೋಡೆ ಅಳೆಸಿ

ಮಾನ್ಯ ಸೆನೆಟರ್ ಪಾನ್ಫಿಲೊ ಲಾಕ್ಸನ್ ಅವರಿಗೆ,

ನಮಸ್ಕಾರ. ನಾನು ತೀರ್ಥಹಳ್ಳಿ ಕಡೆಯವನು. ಹೆಂಡತಿ ಫಿಲಿಪೀನ್ಸ್‌ನ ಬುಲಕಾನ್ ಪ್ರಾಂತ್ಯದ ಕಲುಂಪಿತ್‌ನವಳು. ಹನ್ನೊಂದು ವರ್ಷಗಳಿಂದ ಅವಳ ತಾಯಿಯ ಮನೆಯೇ ನಮ್ಮ ಮನೆ. ನಿಮ್ಮ ದೇಶದಲ್ಲಿ ನನಗೆ ಮತವಿಲ್ಲ. ಆದರೆ ತೆರಿಗೆ ಕಟ್ಟುತ್ತೇನೆ, ಪ್ರತಿ ವರ್ಷ ಮನೆಯೊಳಗಿನ ಕೆಸರು ಬಳಿದು ಹೊರಹಾಕುತ್ತೇನೆ. ಇದರ ಇಂಗ್ಲಿಷ್ ಪ್ರತಿ ನಿಮ್ಮ ಕಚೇರಿಗೆ ಬರುತ್ತದೆ. ಕನ್ನಡದಲ್ಲಿ ಮೊದಲು ಬರೆಯುತ್ತಿರುವುದು, ಹೊಟ್ಟೆಯ ಸಂಕಟ ನನಗೆ ಬೇರೆ ಭಾಷೆಯಲ್ಲಿ ಬಾಯಿಗೆ ಬರುವುದಿಲ್ಲವಾದ್ದರಿಂದ. "ಅಷ್ಟು ಕಷ್ಟವಾದರೆ ಎಲ್ಲರೂ ಇಲ್ಲಿಗೇ ಬನ್ನಿ" ಎಂದು ಮಳೆಗಾಲದಲ್ಲಿ ಫೋನ್ ಮಾಡುವ ಅಣ್ಣನಿಗೂ ಇದು ತಲುಪಲಿ.

ಪಂಪಾಂಗಾ ಮತ್ತು ಅಂಗಾತ್ ನದಿಗಳು ಸೇರುವ ತಗ್ಗಿನ ಊರು ನಮ್ಮದು. ತುಂಗೆಯ ದಡದಲ್ಲಿ ಬೆಳೆದ ನನಗೆ ನೆರೆ ಹೊಸದಲ್ಲ. ಅಲ್ಲಿ ಹೊಳೆ ಏರುತ್ತದೆ, ಎರಡು ದಿನದಲ್ಲಿ ಇಳಿಯುತ್ತದೆ. ಇಲ್ಲಿ ನೀರು ಬಂದು ಕೂರುತ್ತದೆ. 2025ರ ಜುಲೈಯಲ್ಲಿ ನಮ್ಮ ಅಡುಗೆಮನೆಯಲ್ಲಿ ಹತ್ತೊಂಬತ್ತು ದಿನ ಕೂತಿತ್ತು. ಫ್ರಿಜ್ ಕೆಳಗೆ ಮೊದಲು ನಾಲ್ಕು ಸಿಮೆಂಟ್ ಇಟ್ಟಿಗೆ ಇಟ್ಟೆವು, ಆಮೇಲೆ ಎಂಟು. ಅಕ್ಕಿ ಚೀಲ ಮಂಚದ ಮೇಲೆ, ಮಂಚ ಮೇಜಿನ ಮೇಲೆ. ಎಪ್ಪತ್ತನಾಲ್ಕು ವರ್ಷದ ಅತ್ತೆ ಕೋಳಿಗಳಿಗೆ ಕಾಳು ಹಾಕಲು ದಿನವೂ ಆ ನೀರಿಗೆ ಇಳಿದರು. ಬೇಡವೆಂದರೂ ಕೇಳಲಿಲ್ಲ. ಕಾಲಿನಲ್ಲಿ ಸಣ್ಣ ಗಾಯವಿತ್ತು. ಮೊದಲು ಜ್ವರ, ಆಮೇಲೆ ಕಣ್ಣು ಹಳದಿ, ಆಮೇಲೆ ಮೂತ್ರವೇ ನಿಂತಿತು. ಇಲಿಜ್ವರ. ಆಸ್ಪತ್ರೆಯಲ್ಲಿ ಹಾಸಿಗೆ ಇರಲಿಲ್ಲ. ಮೊಣಕೈಯ ಮೇಲೆ ಮಗಳ ತಲೆ ಒರಗಿಸಿಕೊಂಡು, ತಾವೇ ಅವಳನ್ನು ಸಮಾಧಾನ ಮಾಡುತ್ತ, ಅಲ್ಲಿನ ಪಡಸಾಲೆಯ ಗಾಲಿಕುರ್ಚಿಯಲ್ಲಿ ಒಂದು ರಾತ್ರಿ ಕಳೆದರು. ನಾಲ್ಕು ಸಲ ಡಯಾಲಿಸಿಸ್ ಆಯಿತು. ಬದುಕಿ ಬಂದರು.

ಬಂದ ಮೇಲೆ ನಾನು ನದಿಯ ಕಡೆ ಹೋದೆ. ನೀರು ಎಲ್ಲಿಂದ ನುಗ್ಗಿತೆಂದು ನೋಡಬೇಕಿತ್ತು. ಬೀದಿಯ ಕೊನೆಯಲ್ಲಿ ಕಾಂಕ್ರೀಟ್ ತಡೆಗೋಡೆ ಇದೆ. ಸ್ವಲ್ಪ ದೂರ ಹೋಗಿ ನಿಂತುಬಿಡುತ್ತದೆ. ತುದಿಯಿಂದ ಕಬ್ಬಿಣದ ಸರಳುಗಳು ತುಕ್ಕು ಹಿಡಿದು ಹೊರಚಾಚಿವೆ, ಯಾರೋ ಬಟ್ಟೆ ಒಣಹಾಕಿದ್ದರು. ಅಲ್ಲಿಂದ ಮೂವತ್ತೆಂಟು ಹೆಜ್ಜೆ ಬರೀ ಮಣ್ಣು. ಆಮೇಲೆ ಗೋಡೆ ಮತ್ತೆ ಶುರು. ಪಕ್ಕದಲ್ಲೇ ಕಾಮಗಾರಿ ಪೂರ್ಣಗೊಂಡಿದೆ ಎಂಬ ಫಲಕ. ಸಂಬಂಧಪಟ್ಟ ಕಚೇರಿಗೆ ಮೂರು ಸಲ ಅಲೆದೆವು. ಮೂರನೆಯ ಸಲ ಗುಮಾಸ್ತ ಕಡತ ತಿರುಗಿಸಿ ತೋರಿಸಿದ: "ದಾಖಲೆಯಲ್ಲಿ ಮುಗಿದಿದೆ." ಅತ್ತೆಯ ಡಯಾಲಿಸಿಸ್ ಚೀಟಿಗಳು ನನ್ನ ಕೈಯಲ್ಲಿದ್ದವು. ಅವನ ಮುಖದ ಮೇಲೆ ಎಸೆಯಬೇಕೆನಿಸಿತು. ಎಸೆಯಲಿಲ್ಲ.

ಇದನ್ನೆಲ್ಲ ನಿಮಗೇ ಏಕೆ ಬರೆಯುತ್ತಿದ್ದೇನೆ? ನೀವು ಯಾರೆಂದು ಓದಿಕೊಂಡಿದ್ದೇನೆ, ಅದಕ್ಕೆ. ಇಮುಸ್ ಊರಿನ ಹುಡುಗ, 1971ರಲ್ಲಿ ಮಿಲಿಟರಿ ಅಕಾಡೆಮಿಯಿಂದ ಹೊರಬಂದ ಅಧಿಕಾರಿ, 1999ರಿಂದ 2001ರವರೆಗೆ ರಾಷ್ಟ್ರೀಯ ಪೊಲೀಸ್ ಮುಖ್ಯಸ್ಥ. ರಸ್ತೆಯಲ್ಲಿ ಚಾಲಕರಿಂದ ಸುಲಿಗೆ ಮಾಡುವ ಪೊಲೀಸರ ಬೆನ್ನು ಬಿದ್ದಿರಿ. ಪೊಲೀಸರ ಸೊಂಟ 34 ಇಂಚು ಮೀರಬಾರದೆಂದು ಆಜ್ಞೆ ಮಾಡಿದಿರಿ. ಸೆನೆಟರ್ ಆದ ಮೇಲೆ, ಉಳಿದವರು ವರ್ಷಕ್ಕೆ 20 ಕೋಟಿ ಪೆಸೊವರೆಗೆ ಪಡೆಯುತ್ತಿದ್ದ ಕ್ಷೇತ್ರನಿಧಿಯನ್ನು ನೀವು ಮುಟ್ಟಲಿಲ್ಲ. ನಿಮ್ಮ ಮೇಲೆ ಕೊಲೆ ಮೊಕದ್ದಮೆಗಳಿದ್ದವು, 2010ರಲ್ಲಿ ದೇಶ ಬಿಟ್ಟು ತಲೆಮರೆಸಿಕೊಂಡಿರಿ, ನ್ಯಾಯಾಲಯ ಪ್ರಕರಣ ತಳ್ಳಿಹಾಕಿದ ಮೇಲೆ 2011ರಲ್ಲಿ ಮರಳಿದಿರಿ. ಅದನ್ನು ಮರೆತು ಬರೆಯುತ್ತಿಲ್ಲ. ನನ್ನ ಹೆಂಡತಿ ಆ ಕಾರಣಕ್ಕೇ ನಿಮಗೆ ಮತ ಹಾಕದೆ ಇದ್ದವಳು. 2025ರ ಮೇ ಚುನಾವಣೆಯಲ್ಲಿ ಹಾಕಿದಳು.

ಯೊಲಾಂಡಾ ಚಂಡಮಾರುತದ ನಂತರ ಪುನರ್ವಸತಿಯ ಹೊಣೆ 2013ರ ಕೊನೆಗೆ ನಿಮ್ಮ ಹೆಗಲಿಗೆ ಬಂತು. ಯೋಜನೆ ಸಿದ್ಧಪಡಿಸಿದಿರಿ, ಜಾರಿ ಮಾಡುವ ಅಧಿಕಾರ ನಿಮಗಿರಲಿಲ್ಲ, 2015ರ ಆರಂಭದಲ್ಲಿ ಹೊರನಡೆದಿರಿ. ಕಾಗದದ ಮೇಲೆ ಮುಗಿದ ಕೆಲಸಕ್ಕೂ ನೆಲದ ಮೇಲಿನ ಕೆಲಸಕ್ಕೂ ಎಷ್ಟು ಅಂತರವೆಂದು ನಿಮಗೆ ನಾನು ಹೇಳಬೇಕಿಲ್ಲ.

2025ರ ಆಗಸ್ಟ್‌ನಲ್ಲಿ ಸೆನೆಟ್‌ನಲ್ಲಿ ನಿಂತು ನೆರೆ ತಡೆಯ ಹಣ ಹೇಗೆ ಹಂಚಿಹೋಗುತ್ತದೆಂದು ಬಿಡಿಸಿಟ್ಟವರು ನೀವೇ. 2022ರ ಜುಲೈಯಿಂದ 9,855 ಕಾಮಗಾರಿ, 54,500 ಕೋಟಿ ಪೆಸೊ ಎಂದು ಅಧ್ಯಕ್ಷ ಮಾರ್ಕೋಸ್ ಅವರೇ ಲೆಕ್ಕ ಕೊಟ್ಟರು. ನಮ್ಮ ಪ್ರಾಂತ್ಯದ ಬಲಿವಾಗ್‌ನಲ್ಲಿ ಐದೂವರೆ ಕೋಟಿಯ ಗೋಡೆಯೊಂದು ಮುಗಿದಿದೆಯೆಂದು ದಾಖಲೆಯಲ್ಲಿತ್ತು. ಅಧ್ಯಕ್ಷರು ಹೋಗಿ ನೋಡಿದರೆ ಗೋಡೆಯೇ ಇರಲಿಲ್ಲ. ಭ್ರಷ್ಟಾಚಾರದ ತನಿಖೆ ಮಾಡುವ ಸೆನೆಟ್‌ನ ಬ್ಲೂ ರಿಬ್ಬನ್ ಸಮಿತಿಗೆ ನೀವು ಮುಖ್ಯಸ್ಥರಾದಾಗ ನಮ್ಮ ಬೀದಿಯವರು ಒಂದೇ ಟಿವಿಯ ಮುಂದೆ ಕೂತು ವಿಚಾರಣೆ ನೋಡಿದೆವು. ಅಕ್ಟೋಬರ್‌ನಲ್ಲಿ ಆ ಸ್ಥಾನ ಬಿಟ್ಟಿರಿ. ಸಹೋದ್ಯೋಗಿಗಳಿಗೆ ಅಸಮಾಧಾನವಂತೆ. ಅವರ ಅಸಮಾಧಾನ ದೊಡ್ಡದೋ, ನನ್ನ ಅತ್ತೆಯ ಮೂತ್ರಪಿಂಡ ದೊಡ್ಡದೋ? ನವೆಂಬರ್‌ನಲ್ಲಿ ಮರಳಿದಿರಿ, ಒಳ್ಳೆಯದಾಯಿತು. ಇನ್ನೊಮ್ಮೆ ಬಿಡಬೇಡಿ.

ಸಾಕ್ಷಿಗಳನ್ನು ಕರೆಯಿರಿ, ಹೆಸರುಗಳು ಹೊರಬರಲಿ, ಜೈಲಿಗೆ ಹೋಗಬೇಕಾದವರು ಹೋಗಲಿ. ನಾನು ಕೇಳುವುದು ಅದಕ್ಕಿಂತ ಸಣ್ಣದು. ಗೋಡೆಗಳನ್ನು ಅಳೆಸಿ. ಲೆಕ್ಕಪರಿಶೋಧನಾ ಆಯೋಗಕ್ಕೆ ಹೇಳಿ ಟೇಪು ಹಿಡಿಸಿ ಅಳೆಸಿ. ಕಲುಂಪಿತ್‌ನ ಪ್ರತಿಯೊಂದು ಗೋಡೆ ಎಷ್ಟು ಉದ್ದವೆಂದು ಬಿಲ್ಲಾಗಿದೆ, ಎಷ್ಟು ಉದ್ದ ನಿಂತಿದೆ, ಎರಡನ್ನೂ ಆ ಗೋಡೆಯ ಪಕ್ಕದಲ್ಲೇ ಬರೆಸಿ. ಉಳಿದದ್ದನ್ನು ಕಟ್ಟಿಸಿ. ಜೂನ್‌ನಲ್ಲಿ ಮಳೆ ಶುರುವಾಗುತ್ತದೆ. ಜೂನ್‌ಗೆ ಮೊದಲು ಅಳೆಸಿ.

ಇದು 2025ರ ಡಿಸೆಂಬರ್. ಅತ್ತೆ ಈಗ ಕೋಲೂರಿಕೊಂಡು ಕೋಳಿಗೂಡಿನವರೆಗೆ ಹೋಗುತ್ತಾರೆ. ಫ್ರಿಜ್‌ನ ಕೆಳಗಿನ ಎಂಟು ಇಟ್ಟಿಗೆಗಳನ್ನು ನಾವು ಇನ್ನೂ ತೆಗೆದಿಲ್ಲ.

ಇಂತಿ,
ಕಲುಂಪಿತ್‌ನ ಒಬ್ಬ ನಿವಾಸಿ