ಸ್ವಾಮಿಹಳ್ಳಿಯಿಂದ ಅದಿರು ಹೋಗುತ್ತದೆ, ನಾವು ಯಾಕೆ ಹೋಗಬಾರದು?

ಮಾನ್ಯ ಬಳ್ಳಾರಿ ಸಂಸದರಿಗೆ ನಮಸ್ಕಾರಗಳು.

ಸಂಡೂರು ತಾಲ್ಲೂಕಿನ ನಮ್ಮ ಸ್ವಾಮಿಹಳ್ಳಿ ಸ್ಟೇಷನ್ನಿನಲ್ಲಿ ಮನುಷ್ಯರು ರೈಲು ಹತ್ತಿ ಎಷ್ಟು ಕಾಲವಾಯಿತು ಅನ್ನುವುದು ನಿಮಗೆ ಗೊತ್ತೇ ಇದೆ. ನಮಗೆ ಹೊಸಪೇಟೆಗೆ ಪ್ಯಾಸೆಂಜರ್ ಗಾಡಿ ಬೇಕು. ಬೆಳಿಗ್ಗೆ ಒಂದು, ಸಂಜೆ ಒಂದು. ಅಷ್ಟೇ.

ಹೊಸಪೇಟೆ–ಕೊಟ್ಟೂರು ಹಳಿ ಬಂದದ್ದು 1905ರಲ್ಲಿ. ಸಂಡೂರು ಆಗ ಘೋರ್ಪಡೆ ಮನೆತನದ ಸಂಸ್ಥಾನ. ಆಮೇಲೆ ಆ ಹಳಿಯ ಮೇಲಿನ ಗುಂಡಾ ರೋಡ್ ಸ್ಟೇಷನ್ನಿನಿಂದ ನಮ್ಮ ಗುಡ್ಡಗಳ ಕಡೆಗೂ ಹಳಿ ಕವಲೊಡೆಯಿತು. ಅದಿರು ಹೋಗುವ ಹಳಿಯ ಮೇಲೆ ಮೀಟರ್ ಗೇಜ್, ಅಂದರೆ ಕಿರಿದಾದ ಹಳಿಯ ಕಾಲದಲ್ಲಿ ಜನರೂ ಹೋಗುತ್ತಿದ್ದರು. ಅಪ್ಪ ನನ್ನನ್ನು ಮೊದಲ ಸಲ ಹೊಸಪೇಟೆಗೆ ಕರೆದುಕೊಂಡು ಹೋದದ್ದು ಆ ಗಾಡಿಯಲ್ಲೇ. ದಾರಿಯುದ್ದಕ್ಕೂ ಕಿಟಕಿಯ ಕಂಬಿ ಹಿಡಿದು ಕೂತಿದ್ದೆ. ಇಳಿಯುವಾಗ ಅಂಗೈ ತುಂಬ ಕೆಂಪು ಧೂಳು. ಹಳಿ ಅಗಲವಾಗಿ ಬ್ರಾಡ್ ಗೇಜ್ ಆದ ಮೇಲೆ ಅದಿರಿನ ಗೂಡ್ಸ್ ಗಾಡಿಗಳು ಉಳಿದವು, ನಾವು ಬಿಟ್ಟುಹೋದೆವು.

ಹೋದ ತಿಂಗಳು ಅವ್ವನ ಕಣ್ಣಿನ ಪೊರೆ ಆಪರೇಷನ್ ಇತ್ತು. ಬೆಳಿಗ್ಗೆ ಎಂಟಕ್ಕೆ ಹೊಸಪೇಟೆ ಆಸ್ಪತ್ರೆಯಲ್ಲಿ ಇರಬೇಕು ಅಂದಿದ್ದರು. ಐದಕ್ಕೇ ಮನೆ ಬಿಟ್ಟೆವು. ಏರಿನಲ್ಲಿ ಅದಿರಿನ ಲಾರಿಯೊಂದು ಕೆಟ್ಟು ನಿಂತಿತ್ತು, ಅದರ ಹಿಂದೆ ಕಣ್ಣು ಹಾಯುವಷ್ಟು ದೂರ ಲಾರಿಗಳೇ. ಬಸ್ಸು ಅಲ್ಲಾಡಲಿಲ್ಲ. ಅವ್ವ ಖಾಲಿ ಹೊಟ್ಟೆಯಲ್ಲಿ ಬಂದಿದ್ದಳು, ಸೆರಗನ್ನು ಮೂಗಿಗೆ ಒತ್ತಿಕೊಂಡು ಮೂರು ಗಂಟೆ ಕೂತಳು. ಅಷ್ಟು ಹೊತ್ತಿನಲ್ಲಿ ದೂರದ ಹಳಿಯ ಮೇಲೆ ಗೂಡ್ಸ್ ಗಾಡಿ ಆರಾಮಾಗಿ ಹೊಸಪೇಟೆ ಕಡೆ ಹೋಯಿತು. "ಅದ್ರಾಗ ನಮ್ಮನ್ನೂ ಕೂಡಿಸ್ಕೊಂಡು ಹೋದ್ರ ಏನಾಗ್ತದಪ್ಪಾ?" ಅಂದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಆಸ್ಪತ್ರೆ ಮುಟ್ಟಿದಾಗ ನಮ್ಮ ಸರದಿ ಮುಗಿದಿತ್ತು. ಆಪರೇಷನ್ ಮುಂದಕ್ಕೆ ಹೋಯಿತು.

ಇದನ್ನೇ ಒಂದು ಕಚೇರಿಯಲ್ಲಿ ಹೇಳಿಕೊಂಡೆ. ಅಲ್ಲಿದ್ದವರು ತಲೆಯೆತ್ತದೆ, "ಹಂಗಾದ್ರ ಗೂಡ್ಸ್ ಗಾಡೀನ ಹತ್ರಿ" ಅಂದರು. ಪಕ್ಕದವರು ನಕ್ಕರು. ಅರವತ್ತೆಂಟು ವರ್ಷದ ಹೆಣ್ಣುಮಗಳ ಕಣ್ಣಿನ ವಿಷಯ ಅದು. ಆ ನಗು ಇನ್ನೂ ಕಿವಿಯಲ್ಲಿದೆ. ಅವತ್ತು ರಾತ್ರಿಯೇ ಈ ಪತ್ರ ಬರೆಯಲು ಕೂತೆ.

ಸಂಸದರೇ, ಹೊಸದಾಗಿ ಹಳಿ ಹಾಕಿ ಅಂತ ನಾವು ಕೇಳುತ್ತಿಲ್ಲ. ಹಳಿ ಇದೆ, ಸ್ಟೇಷನ್ ಇದೆ. ಕೊಟ್ಟೂರು ಮಾರ್ಗದಲ್ಲಿ 2019ರಲ್ಲಿ ಜನರ ರೈಲು ಮತ್ತೆ ಓಡಿತು, ನಮಗೂ ಖುಷಿಯೇ. ಗುಂಡಾ ರೋಡಿನವರೆಗೆ ಬರುವ ರೈಲು ನಮ್ಮ ಕಡೆ ಯಾಕೆ ತಿರುಗಬಾರದು? ದುಡ್ಡಿಲ್ಲ ಅನ್ನಬೇಡಿ. ಗಣಿಯಿಂದ ತೊಂದರೆಪಟ್ಟವರಿಗಾಗಿಯೇ ಜಿಲ್ಲಾ ಖನಿಜ ನಿಧಿ ಇದೆ. ಧೂಳು ತಿಂದವರು ನಾವು. 2011ರಲ್ಲಿ ಸುಪ್ರೀಂ ಕೋರ್ಟ್ ಗಣಿ ನಿಲ್ಲಿಸಿದಾಗ ಕೆಲಸ ಕಳೆದುಕೊಂಡವರೂ ನಾವೇ. ಗಣಿ ಮತ್ತೆ ಶುರುವಾಯಿತು. ನಮ್ಮ ಗಾಡಿ ಮಾತ್ರ ಬರಲಿಲ್ಲ.

ಬೆಳಿಗ್ಗೆ ಒಂದು, ಸಂಜೆ ಒಂದು. ಎರಡೇ ಡಬ್ಬಿ ಆದರೂ ಸಾಕು. ದಾರಿಯಲ್ಲಿರುವ ಯಶವಂತನಗರದವರೂ ಹತ್ತುತ್ತಾರೆ, ಕಾಲೇಜಿನ ಹುಡುಗಿಯರೂ ಹತ್ತುತ್ತಾರೆ. ಪರಿಶೀಲಿಸುತ್ತೇವೆ ಅನ್ನುವ ಉತ್ತರ ಬೇಡ. ಯಾವ ತಿಂಗಳಿಂದ ಗಾಡಿ ಬರುತ್ತದೆ ಅಂತ ಬರೆದು ತಿಳಿಸಿ. ಅವ್ವನ ಆಪರೇಷನ್ ಇನ್ನೂ ಬಾಕಿ ಇದೆ.

ಇತಿ,
ಸಂಡೂರು ತಾಲ್ಲೂಕಿನ ಒಬ್ಬ ಮತದಾರ