ಹಾಡು ಮುಗಿದ ಮೇಲೆ ಏನಾಯ್ತು, ಅದನ್ನು ಬರಿ

ಪ್ರೀತಿಯ ತಂಗಿ,

ಸೆನೆಗಲ್‌ನ ರ‍್ಯಾಪರ್‌ಗಳ ಬಗ್ಗೆ ನೀನು ಕಳಿಸಿದ ಲೇಖನ ಓದಿದೆ. ಭಾಷೆ ಚೆನ್ನಾಗಿದೆ, ಆವೇಶವೂ ಇದೆ. ಆದರೆ ಅದರಲ್ಲಿ ಹುಡುಗರು ಮೈಕ್ ಹಿಡಿಯುತ್ತಾರೆ, ಜನ ಬೀದಿಗಿಳಿಯುತ್ತಾರೆ, ಅಧ್ಯಕ್ಷ ಸೋಲುತ್ತಾನೆ. ಅಷ್ಟು ಸಲೀಸಾಗಿ ಎಲ್ಲೂ ಆಗಲ್ಲ ಅಲ್ವಾ?

ಕರೆಂಟಿನಿಂದ ಶುರು ಮಾಡು. 2011ರ ಜನವರಿ, ಸೆನೆಗಲ್ ರಾಜಧಾನಿ ಡಾಕರ್. ಗಂಟೆಗಟ್ಟಲೆ ಕರೆಂಟ್ ಇಲ್ಲ, ಸಣ್ಣಪುಟ್ಟ ಕಸುಬಿನವರ ದುಡಿಮೆಗೇ ಕಲ್ಲು ಬಿದ್ದಿತ್ತು. ಅಂಥದೊಂದು ಕತ್ತಲಲ್ಲಿ ಪತ್ರಕರ್ತ ಫಾದೆಲ್ ಬಾರೋ ಮನೆಯಲ್ಲಿ, ಕಾವೊಲಾಕ್ ಊರಿನ 'ಕೆರ್ ಗಿ' ರ‍್ಯಾಪ್ ತಂಡದ ಥಿಯಾಟ್, ಕಿಲಿಫ ಮತ್ತು ಇನ್ನೂ ಕೆಲವರು ಕೂತು ಮಾತಾಡುತ್ತಾ 'ಯಾನ್ ಆ ಮಾರ್' ಚಳವಳಿ ಹುಟ್ಟಿತು. ಸಾಕಾಗಿ ಹೋಗಿದೆ ಅನ್ನುವ ಸಿಟ್ಟು ಅದು. ಓದುಗರಿಗೆ ಮೊದಲು ಆ ಸಿಟ್ಟು ತಟ್ಟಬೇಕು, ಹಾಡು ಆಮೇಲೆ.

ಇನ್ನೊಂದು ಮಾತು ನೀನು ಪೂರ್ತಿ ಬಿಟ್ಟಿದ್ದೀಯ. ನಿನ್ನ ಲೇಖನದಲ್ಲಿ ಸೋಲುವ ಅಧ್ಯಕ್ಷ, ಇದೇ ಅಬ್ದುಲಾಯ್ ವಾದ್, 2000ದ ಚುನಾವಣೆಯಲ್ಲಿ ಗೆದ್ದಾಗ ಅವರ ಬೆನ್ನಿಗೆ ನಿಂತವರಲ್ಲಿ ಯುವಕರೂ ರ‍್ಯಾಪರ್‌ಗಳೂ ಇದ್ದರು. ಗೆಲ್ಲಿಸಿದ ಪೀಳಿಗೆಯೇ ಹನ್ನೊಂದು ವರ್ಷಕ್ಕೆ ತಿರುಗಿ ಬಿತ್ತು ಅಂದರೆ ನಡುವೆ ಏನಾಯ್ತು? ನನಗೆ ಲೇಖನದ ಜೀವ ಇಲ್ಲೇ ಇದೆ ಅನ್ನಿಸುತ್ತೆ.

2011ರ ಜೂನ್ 23ರ ಪ್ರತಿಭಟನೆಯನ್ನು ಚೆನ್ನಾಗಿ ಬರೆದಿದ್ದೀಯ, ಆದರೆ ಜನ ಯಾಕೆ ಸಂಸತ್ತಿನ ಮುಂದೆ ನೆರೆದರು ಅಂತ ಹೇಳಿಲ್ಲ. ಮೊದಲ ಸುತ್ತಿನಲ್ಲೇ ಶೇ. 25 ಮತ ಸಿಕ್ಕರೆ ಅಧ್ಯಕ್ಷ ಗೆದ್ದಂತೆ ಅನ್ನುವ ಮಸೂದೆ ಅವತ್ತು ಒಳಗಿತ್ತು. ಅದೇ ದಿನ ಸರ್ಕಾರ ಅದನ್ನು ವಾಪಸ್ ತಗೊಂಡಿತು. ಆದರೂ ವಾದ್ ಮೂರನೇ ಅವಧಿಗೆ ಸ್ಪರ್ಧಿಸುವುದನ್ನು ಯಾರಿಂದಲೂ ತಡೆಯಲಾಗಲಿಲ್ಲ.

ಹಾಗಾಗಿ ಈ ಹುಡುಗರು ಹಿಡಿದ ಕೆಲಸ ನೋಡು: ಕೇರಿ ಕೇರಿಯಲ್ಲಿ ಗುಂಪು ಕಟ್ಟುವುದು, ಮತದಾರರ ಪಟ್ಟಿಗೆ ಹೆಸರು ಸೇರಿಸಿ ಅಂತ ಯುವಕರ ಬೆನ್ನು ಹತ್ತುವುದು. ಫೋಟೋಗೆ ಸಿಗದ, ಬೇಜಾರಿನ ಕೆಲಸ. 2012ರ ಮಾರ್ಚ್ 25ರಂದು ಎರಡನೇ ಸುತ್ತಿನಲ್ಲಿ ವಾದ್ ಸೋತು ಎದುರಾಳಿ ಮಾಕಿ ಸಾಲ್ ಗೆದ್ದರಲ್ಲ, ಆ ಗೆಲುವಿನಲ್ಲಿ ಈ ಓಡಾಟದ ಪಾಲೂ ಇದೆ. ನೀನು ಇದಕ್ಕೆ ಕೊಟ್ಟಿರುವುದು ಒಂದೇ ಸಾಲು!

ಆಮೇಲಿನದನ್ನೂ ಬಿಡಬೇಡ. ಗಾಯಕ ಯೂಸು ಎನ್‌ಡೂರ್ ಹೊಸ ಸರ್ಕಾರದಲ್ಲಿ ಮಂತ್ರಿಯಾದರು. 'ಯಾನ್ ಆ ಮಾರ್' ಹೊರಗೇ ಉಳಿದು ಹೊಸಬರನ್ನೂ ಪ್ರಶ್ನಿಸಿತು. ಯಾರು ಸರಿ ಅಂತ ತೀರ್ಪು ಕೊಡುವ ಅವಸರ ಬೇಡ, ಇಬ್ಬರ ವಾದವನ್ನೂ ನ್ಯಾಯವಾಗಿ ಬರಿ.

2000ದ ಭಾಗ ಮೊದಲು ಬರೆದು ಕಳಿಸು. ಉಳಿದದ್ದು ಆಮೇಲೆ ನೋಡೋಣ.

ನಿನ್ನ ಅಕ್ಕ